ನಾಲ್ಕು ಕೈಗಳ ಚೋನಾ

ಎದೆಲ್ಮಿರಾಳನ್ನು ಮೆಕ್ಸಿಕೋ ನಗರದ ಚಿತ್ರಶಾಲೆಯಿಂದ ಹೊರಗೆ ಹಾಕಿದ್ದು ಒಂದು ಮೂಗಿನ ದೆಸೆಯಿಂದ. ಗ್ರೀಕ್ ವೀರನ ಪ್ಲಾಸ್ಟರ್ ತಲೆಯನ್ನು ನೋಡಿ ಬರೆಯಲು ಹೇಳಿದರೆ, "ನಮ್ಮ ಕಡೆ ಇಂಥ ಮೂಗು ಯಾರಿಗೂ ಇಲ್ಲ, ನಾನು ಬರೆಯಲ್ಲ" ಅಂದಿದ್ದಳು. ಗಂಟುಮೂಟೆ ಕಟ್ಟಿಕೊಂಡು ನಮ್ಮೂರು ಅತ್ಲಿಕ್ಸ್ಕೊಗೆ ವಾಪಸು ಬಂದಳು. ತಾಯಿಯಿಲ್ಲದ ಅವಳನ್ನು ಸಾಕಿದವಳು ಚಿಕ್ಕಮ್ಮ ಚೋನಾ. ಸಂತೆಕಟ್ಟೆಯಲ್ಲಿ ಮೆಕ್ಕೆಜೋಳದ ಹಿಟ್ಟಿನ ಕಡುಬು, ತಮಾಲೆ, ಬೇಯಿಸಿ ಮಾರುತ್ತಿದ್ದಳು.

ಆ ವರ್ಷ ಪುರಸಭೆ ಅಧ್ಯಕ್ಷರು ಸಂತೆಕಟ್ಟೆಯ ಗೋಡೆಗೆ ಚಿತ್ರ ಬರೆಯಲು ಎದೆಲ್ಮಿರಾಳಿಗೆ ಹೇಳಿದರು. ದೇಶದ ಬಾವುಟ, ಅದರ ಮೇಲಿನ ಹದ್ದು, ಪಕ್ಕದಲ್ಲಿ ತಾವು ಇರಬೇಕೆಂಬುದು ಅವರ ಆಸೆ. ಅವಳು ಬರೆದದ್ದು ಚೋನಾಳನ್ನು: ಗೋಡೆ ತುಂಬ ನೀಲಿ ಮೈ, ಬರಿಗಾಲು, ನಾಲ್ಕು ಕೈ.

"ನಮ್ಮೂರ ಹೆಂಗಸರಿಗೆ ಇರೋದು ಎರಡೇ ಕೈ. ಸೋಮವಾರ ಸುಣ್ಣ ಬಳಿಸ್ತೀನಿ," ಎಂದರು ಅಧ್ಯಕ್ಷರು.

"ಬಳಿಸಿ. ಒಣಗಿದ ಮೇಲೆ ಮತ್ತೆ ಬರೀತೀನಿ."

ಅಧ್ಯಕ್ಷರ ಭಯ ಅವಳಿಗಿರಲಿಲ್ಲ. ಆದರೆ ನಾಮಕರಣವೊಂದಕ್ಕೆಂದು ಪರವೂರಿಗೆ ಹೋಗಿದ್ದ ಚೋನಾ ಚಿತ್ರವನ್ನು ಇನ್ನೂ ನೋಡಿರಲಿಲ್ಲ. ಇತ್ತ ಮೆಣಸಿನಕಾಯಿ ಮಾರುವವರು, "ನಿಮ್ಮ ಚಿಕ್ಕಮ್ಮ ಜೇಡ ಆಗ್ಬಿಟ್ಳಲ್ಲೇ" ಎಂದು ಆಗಲೇ ನಗುತ್ತಿದ್ದರು. ಎದೆಲ್ಮಿರಾಳಿಗೆ ಊಟ ಸೇರಲಿಲ್ಲ. ಸಾಕಿದವಳನ್ನು ಊರ ಬಾಯಿಗೆ ಹಾಕಿದೆನೇ ಎಂಬ ಕೊರಗು.

ಭಾನುವಾರ ಚೋನಾ ಬಸ್ಸಿಳಿದು ನೇರ ಗೋಡೆಯ ಮುಂದೆ ಬಂದು ನಿಂತಳು. ಅಡಿಯಿಂದ ಮುಡಿಯವರೆಗೆ ನೋಡಿದಳು.

"ಮೂಗು ಯಾಕೆ ಇಷ್ಟು ದಪ್ಪ?"

"ನಿಂದು ಇರೋದೇ ಹಾಗೆ, ಚಿಕ್ಕಮ್ಮ."

"ಕೈ?"

"ಹಿಟ್ಟು ನಾದೋಕೆ ಎರಡು. ನನ್ನ ಜಡೆ ಹೆಣೆಯೋಕೆ ಎರಡು."

ಚೋನಾ ಸೆರಗಿನಂಥ ತನ್ನ ಶಾಲಿನಿಂದ ಮುಖ ಒರೆಸಿಕೊಂಡಳು. "ಹಾಗಾದ್ರೆ ಒಂದು ಕಮ್ಮಿ ಆಯ್ತು. ನಿನ್ನ ಚಿಕ್ಕಪ್ಪ ಕುಡಿದು ಬಂದಾಗ ಅವನಿಗೆ ನಾನು ಬಾರಿಸ್ತಿದ್ದ ಕೈ ಎಲ್ಲಿ?"

ಸಂತೆಗೆ ಸಂತೆಯೇ ನಕ್ಕಿತು. ಎದೆಲ್ಮಿರಾ ಅಲ್ಲೇ ಟೊಮೆಟೊ ಬುಟ್ಟಿಯ ಪಕ್ಕ ಕುಸಿದು ಕುಳಿತು, ನಗುತ್ತ ಅತ್ತಳು.

ಸೋಮವಾರ ಸುಣ್ಣದ ಆಳುಗಳು ಬಂದಾಗ ಚೋನಾ ಒಲೆ ಹೂಡಿ ಗೋಡೆಗೆ ಒರಗಿ ಕೂತಿದ್ದಳು. ಅವರಿಗೂ ಬಿಸಿ ತಮಾಲೆ ಕೊಟ್ಟಳು. ಅವರು ತಿನ್ನುತ್ತ ಕುಳಿತರು. ಕೊನೆಗೆ ಅಧ್ಯಕ್ಷರೇ ಬಂದರು.

"ಏಳಮ್ಮ, ಕೆಲಸ ಆಗ್ಬೇಕು."

"ಏಳ್ತೀನಿ ಸ್ವಾಮಿ. ಮೊದಲು ಮನೆಗೆ ಹೋಗಿ ನಿಮ್ಮವ್ವನ್ನ ಕೇಳ್ಕೊಂಡು ಬನ್ನಿ, ನಿಮ್ಮನ್ನೆಲ್ಲ ಸಾಕೋಕೆ ಎರಡು ಕೈ ಸಾಕಾಯ್ತಾ ಅಂತ."

ಹೋದವರು ಹಿಂತಿರುಗಲಿಲ್ಲ. ತಾಯಿಯನ್ನು ಕೇಳಿದರೋ ಇಲ್ಲವೋ, ಯಾರಿಗೂ ಗೊತ್ತಿಲ್ಲ. ಸುಣ್ಣ ಬಕೆಟ್ಟಿನಲ್ಲೇ ಗಟ್ಟಿಯಾಯಿತು.

ಮುಂದೆ ಎದೆಲ್ಮಿರಾ ಬೇರೆ ಊರುಗಳ ಗೋಡೆಗಳಲ್ಲೂ ಬರೆದಳು, ಜಗಳವಾಡಿದಳು, ಕೆಲವು ಚಿತ್ರಗಳನ್ನು ಜನ ಅಳಿಸಿಯೂ ಹಾಕಿದರು. ಆದರೆ ಆ ಸೋಮವಾರ ಮಧ್ಯಾಹ್ನ ಅವಳು ಮೆಕ್ಕೆಜೋಳದ ಮೂಟೆಗಳ ಮೇಲೆ ಮಲಗಿ, ಬಾಯಿ ತೆರೆದುಕೊಂಡು ನಿದ್ದೆ ಹೋದಳು. ಯಾರೂ ಎಬ್ಬಿಸಲಿಲ್ಲ.