ಗಿರಣಿಯ ಮೆಟ್ಟಿಲ ಕಂಬಿ

ಇಂಜಿನಿಯರಿಗೆ ವಾಸ್ತುಶಿಲ್ಪಿಯ ಮೇಲಿದ್ದ ಹೊಟ್ಟೆಕಿಚ್ಚು ಇಂದು ನಿನ್ನೆಯದಲ್ಲ. ಕಾಲೇಜಿನ ಮೊದಲ ವರ್ಷ ಡ್ರಾಯಿಂಗ್ ತರಗತಿಯಲ್ಲಿ ಅವನದೂ ಅವಳದೂ ಅಕ್ಕಪಕ್ಕದ ಮೇಜು. ಅವನ ಗೆರೆ ಕೂದಲೆಳೆಯಷ್ಟೂ ಅತ್ತಿತ್ತ ಆಗುತ್ತಿರಲಿಲ್ಲ. ಮೇಷ್ಟರು ಹೆಚ್ಚು ಅಂಕ ಕೊಡುತ್ತಿದ್ದದ್ದು ಅವನಿಗೇ. ಆದರೆ ಮೈಮರೆತು ನಿಂತು ನೋಡುತ್ತಿದ್ದದ್ದು ಅವಳ ಹಾಳೆಯನ್ನು. ಬಾಯಿ ತೆರೆದರೆ ಏನಾದರೊಂದು ಕೇಳುತ್ತಿದ್ದ ಅವಳಿಗೆ 'ಪ್ರಶ್ನೆಪತ್ರಿಕೆ' ಎಂಬ ಅಡ್ಡಹೆಸರು ಬಿದ್ದಿತ್ತು. ಇಟ್ಟವನು ಅವನೇ.

ಮೂವತ್ತು ವರ್ಷ ಕಳೆದ ಮೇಲೆ ಅವನು ನಗರಸಭೆಯಲ್ಲಿದ್ದ. ಅವನ ಸಹಿ ಬೀಳದೆ ಊರಿನ ಯಾವ ಹೊಸ ಕಟ್ಟಡವೂ ಬಾಗಿಲು ತೆರೆಯುವಂತಿರಲಿಲ್ಲ. ಆದರೆ ಜನರ ಬಾಯಲ್ಲಿದ್ದದ್ದು ಅವಳ ಹೆಸರು. ಹಳೆಯದನ್ನು ಕೆಡವುವ ಮುಂಚೆ ಅಲ್ಲಿ ಬಾಳಿದವರನ್ನೆಲ್ಲ ಹುಡುಕಿಕೊಂಡು ಹೋಗಿ, ಅವರು ಹೇಳಿದ್ದನ್ನು ಬರೆದುಕೊಂಡು, ಹೊಸ ಕಟ್ಟಡದಲ್ಲಿ ಅದಕ್ಕೊಂದು ಜಾಗ ಮಾಡುತ್ತಿದ್ದಳು. ಹಳೇ ಶಾಲೆ ಬಿದ್ದಾಗ, ಮಕ್ಕಳು ಮೊಳೆಯಿಂದ ಹೆಸರು ಗೀಚಿದ್ದ ಕಲ್ಲುಗಳನ್ನು ತಂದು ಹೊಸ ಶಾಲೆಯ ಪಡಸಾಲೆಗೆ ಕೂರಿಸಿದಳು. ಮುದುಕರೆಲ್ಲ ಬಂದು ತಮ್ಮ ತಮ್ಮ ಹೆಸರು ತಡವಿ ನೋಡಿದರು. ಇಂಜಿನಿಯರೂ ತಪಾಸಣೆಯ ನೆಪದಲ್ಲಿ ಎರಡು ಸುತ್ತು ಹುಡುಕಿದ. ಗೋಡೆ ಕೆಡಿಸದ ಒಳ್ಳೇ ಹುಡುಗನಾಗಿದ್ದ ಅವನ ಹೆಸರು ಎಲ್ಲೂ ಇರಲಿಲ್ಲ. ಅಂದು ಅವನು ಯಾರ ಜೊತೆಯೂ ನೆಟ್ಟಗೆ ಮಾತಾಡಲಿಲ್ಲ.

ಮುಚ್ಚಿಹೋಗಿದ್ದ ನೂಲಿನ ಗಿರಣಿಯನ್ನು ಅವಳು ಗ್ರಂಥಾಲಯ ಮಾಡಿದಾಗ, ತಪ್ಪು ಹುಡುಕಲೇಬೇಕೆಂದು ಟೇಪು ಹಿಡಿದು ಹೋದ. ಮೆಟ್ಟಿಲ ಪಕ್ಕ ಹಿಡಿದು ಹತ್ತುವ ಮರದ ಕಂಬಿ ಅವನ ತೊಡೆಯ ಮಟ್ಟಕ್ಕಿತ್ತು. ಅಳೆದ. ನಿಯಮಕ್ಕಿಂತ ಒಂಬತ್ತು ಅಂಗುಲ ಕಡಿಮೆ. ಒಳಗೊಳಗೇ ಹಾಲು ಕುಡಿದಷ್ಟು ಸಂತೋಷವಾಯಿತು.

"ಇದು ನಡೆಯಲ್ಲ," ಎಂದ. "ಯಾರಾದ್ರೂ ಮುಗ್ಗರಿಸಿದ್ರೆ ನೇರ ಕೆಳಗೆ."

"ಹಳೇ ಗಿರಣಿ ಕಂಬಿನೇ ಅದು, ಇಷ್ಟೇ ಎತ್ತರಕ್ಕಿತ್ತು," ಎಂದಳು ವಾಸ್ತುಶಿಲ್ಪಿ. "ಹನ್ನೆರಡು ಹದಿಮೂರು ವರ್ಷದ ಹುಡುಗೀರು ಸೊಂಟದ ಮೇಲೆ ನೂಲಿನ ಬುಟ್ಟಿ ಇಟ್ಕೊಂಡು ಹತ್ತೋರು. ಇನ್ನೊಂದು ಕೈಗೆ ಸಿಗಬೇಕಲ್ಲ."

"ಯಾರು ಹೇಳಿದ್ರು ನಿಂಗೆ?"

"ನಿಮ್ಮಮ್ಮ. ನಿಂಗೆ ಗೊತ್ತಿಲ್ವಾ?"

ಅಮ್ಮ ಗಿರಣಿಯಲ್ಲಿ ದುಡಿದದ್ದು ಗೊತ್ತಿತ್ತು. ಅದರಾಚೆ ಏನೂ ಗೊತ್ತಿರಲಿಲ್ಲ.

ಮನೆಗೆ ಬಂದಾಗ ಅಮ್ಮ ಕಿಟಕಿಯ ಬಳಿ ಕೂತು ದಿಂಬಿನ ಚೀಲಕ್ಕೆ ಹೊಲಿಗೆ ಹಾಕುತ್ತಿದ್ದಳು.

"ಅವಳು ಇಲ್ಲಿಗೆ ಬರ್ತಿದ್ಲಾ?"

"ಒಂದು ವರ್ಷದಿಂದ, ಪ್ರತಿ ಮಂಗಳವಾರ. ನೀನು ಆಫೀಸಲ್ಲಿರ್ತೀಯ."

"ನಂಗೆ ಒಂದಿನಾನೂ ಗಿರಣಿ ವಿಷಯ ಹೇಳಲಿಲ್ಲ ನೀನು."

"ಬಂದ ತಕ್ಷಣ ಮುಖದ ಮುಂದೆ ಪೇಪರ್ ಹಿಡ್ಕೊಳ್ತೀಯ. ಪೇಪರಿಗೆ ಹೇಳ್ಲಾ?"

"ಈಗ ಹೇಳು."

ಅಮ್ಮ ದಾರವನ್ನು ಹಲ್ಲಿನಿಂದ ಕತ್ತರಿಸಿದಳು. "ಹೇಳಿ ಹೇಳಿ ಬಾಯಿ ನೋವು ಬಂದಿದೆ ಕಣೋ. ಎಲ್ಲ ಬರ್ಕೊಂಡಿದ್ದಾಳೆ, ಹೋಗಿ ಓದ್ಕೋ."

ಅವಳಿಗೆ ಬಂದ ಹೆಸರನ್ನು ಅವನು ಹೇಗೋ ಸಹಿಸಿಕೊಂಡಿದ್ದ. ಹೆತ್ತ ತಾಯಿಯೇ ಅವಳ ನೋಟ್‌ಬುಕ್ಕಿನಲ್ಲಿ ಹೋಗಿ ಕೂತದ್ದು ಮಾತ್ರ ಹೊಟ್ಟೆಯಲ್ಲಿ ಮೆಣಸಿನಕಾಯಿ ಅರೆದಂತಾಯಿತು. ನಾಲ್ಕು ದಿನ ಗ್ರಂಥಾಲಯದ ಕಡತವನ್ನು ಮೇಜಿನ ಖಾನೆಯಲ್ಲಿ ತುರುಕಿಟ್ಟ. ಕಂಬಿಯನ್ನು ಕೀಳಿಸಲು ಒಂದು ಸಾಲು ಬರೆದರೆ ಸಾಕಿತ್ತು. ಆದರೆ ಅಮ್ಮ ಹಿಡಿದ ಕಂಬಿ ಎನ್ನುವುದು ಅವನ ಕೈಯನ್ನು ತಡೆಹಿಡಿಯುತ್ತಿತ್ತು. ಐದನೆಯ ದಿನ ತಾನೇ ಒಂದು ನಕ್ಷೆ ಬರೆದು ಒಯ್ದ: ಹಳೇ ಕಂಬಿ ಇದ್ದಲ್ಲೇ ಇರಲಿ, ಒಂಬತ್ತು ಅಂಗುಲ ಮೇಲೆ ಇನ್ನೊಂದು ಕಬ್ಬಿಣದ್ದು ಬರಲಿ.

"ಇದು ನಂಗೆ ಹೊಳೀಲೇ ಇಲ್ಲ ನೋಡು," ಎಂದಳು ವಾಸ್ತುಶಿಲ್ಪಿ, ನಿಜವಾದ ಮೆಚ್ಚುಗೆಯಿಂದ. ಅವಳು ಅಷ್ಟು ಸುಲಭವಾಗಿ ಒಪ್ಪಿಕೊಂಡದ್ದಕ್ಕೂ ಅವನಿಗೆ ಉರಿಯಿತು. ಮೇಲಿನ ಕಂಬಿ ಕೂತ ದಿನ ಸಹಿ ಹಾಕಿ, ನೆಲ ನೋಡುತ್ತ, "ಅಮ್ಮನ ನೋಟ್‌ಬುಕ್ಕು ಬೇಕಿತ್ತು," ಎಂದ. ಅವಳು ತಂದುಕೊಟ್ಟಳು.

ಸಂಜೆ ಅಮ್ಮನ ಮುಂದೆ ಕೂತು ಗಟ್ಟಿಯಾಗಿ ಓದಿದ. 'ಏಳು ತಿಂಗಳ ಬಸುರಿ. ಮೆಟ್ಟಿಲ ಮೇಲೆ ತಲೆ ಸುತ್ತಿ ಕಂಬಿ ಹಿಡಿದು ಕೂತೆ. ಮೇಸ್ತ್ರಿ ಮನೆಗೆ ಕಳಿಸಿದ.' ಹೊಟ್ಟೆಯಲ್ಲಿದ್ದವನು ತಾನೇ. ಅಮ್ಮನಿಗೆ ಬೇರೆ ಮಕ್ಕಳಿರಲಿಲ್ಲ. ಅದೇ ಸಾಲನ್ನು ಇನ್ನೊಮ್ಮೆ ಓದಿದ.

ಅಮ್ಮ ಕಿಸಕ್ಕನೆ ನಕ್ಕಳು. "ಮೇಸ್ತ್ರಿ ಎಲ್ಲಿ ಕಳಿಸ್ತಾನೆ? ಸುಳ್ಳು ಅದು. ಹತ್ತಿ ಮೂಟೆ ಹಿಂದೆ ಸಂಜೆವರೆಗೂ ಮಲಗಿದ್ದೆ. ಆಗ ನನ್ನ ಜೊತೆಗೇ ದುಡೀತಿದ್ದ ಎದುರುಮನೆ ಅಜ್ಜಿ ಇದ್ದಾಳಲ್ಲ, ಜನ್ಮದಲ್ಲೇ ಸುಳ್ಳು ಹೇಳಿಲ್ಲ ಅಂತ ಮೆರೀತಾಳಲ್ಲ, ಅವಳೇ ಮೇಸ್ತ್ರಿಗೆ ಏನೋ ಒಂದು ಹೇಳಿ ನನ್ನ ಬುಟ್ಟಿನೂ ಹೊತ್ತಳು. ಯಾರಿಗೂ ಬಾಯಿ ಬಿಡಲ್ಲ ಅಂತ ಮಾತು ಕೊಟ್ಟಿದ್ದೆ."

"ಅವಳಿಗೂ ಹೇಳಿಲ್ವಾ, ಇಷ್ಟೆಲ್ಲ ಬರ್ಕೊಂಡವಳಿಗೆ?"

"ಅವಳು ಹೊರಗಿನವಳಲ್ವೇನೋ."

ಮಾರನೆಯ ದಿನ ಅವನು ನೋಟ್‌ಬುಕ್ಕನ್ನು ವಾಪಸು ಕೊಡಲು ಹೋದ.

"ಎಲ್ಲಾದ್ರೂ ತಪ್ಪಿದ್ರೆ ಹೇಳು, ತಿದ್ದಿಡ್ತೀನಿ," ಎಂದಳು ವಾಸ್ತುಶಿಲ್ಪಿ.

"ಏನಿಲ್ಲ, ಎಲ್ಲ ಸರಿಯಾಗಿದೆ," ಎಂದು ಇಂಜಿನಿಯರು ಮೂವತ್ತು ವರ್ಷದಲ್ಲಿ ಮೊದಲ ಸಲ ಅವಳಿಗೆ ನಗುಮುಖ ತೋರಿಸಿದ.