‘ಕೀಪ್’ ಎಂಬ ಒಂಟಿ ಪದ, ಒಂದು ಕಿಟಕಿ ಸೀಟು

ಎಪ್ಪತ್ತರ ದಶಕದ ಕೊನೆಯಲ್ಲಿ ನಾನು ಜಗಳೂರಿನ ಹೈಸ್ಕೂಲಿನಲ್ಲಿ ಇಂಗ್ಲಿಷ್ ಮೇಷ್ಟ್ರು. ಸ್ವಂತ ಊರು ನ್ಯಾಮತಿ. ವಾರವಿಡೀ ಬಾಡಿಗೆ ಕೋಣೆ, ಸೀಮೆಎಣ್ಣೆ ಸ್ಟೌವ್, ನಾನೇ ಬೇಯಿಸಿದ ಸೀದ ಅನ್ನ. ಸಂಜೆ ಮಾತಿಗೆ ನರಪಿಳ್ಳೆಯೂ ಇರುತ್ತಿರಲಿಲ್ಲ, ಹಾಗಾಗಿ ನಿಘಂಟು ಓದುತ್ತಿದ್ದೆ. ಇದೆಂಥ ಚಟ ಎಂದು ಸಹೋದ್ಯೋಗಿಗಳು ಆಡಿಕೊಳ್ಳುತ್ತಿದ್ದರು. ಆಡಿಕೊಳ್ಳಲಿ, ಅವರಿಗೆ ಮನೆಯಲ್ಲಿ ಜಗಳವಾಡುವುದಕ್ಕಾದರೂ ಜನರಿದ್ದರು.

ಒಂದು ದಿನ ಸ್ಟಾಫ್ ರೂಮಿನಲ್ಲಿ ಗಣಿತದ ಟೀಚರ್, ಹೊನ್ನಾಳಿಯವರು, ನನ್ನ ಪಠ್ಯಪುಸ್ತಕ ತಿರುವಿಹಾಕುತ್ತಾ ಕೇಳಿದರು: “ಈ ‘ಕೀಪ್’ ಅನ್ನೋದು ಒಂದು ಕಡೆ ನೆಟ್ಟಗೆ ನಿಲ್ಲಲ್ವಲ್ರೀ. ಪುಟಕ್ಕೊಂದು ಅರ್ಥ ಐತೆ.”

ನನಗಷ್ಟೇ ಸಾಕಾಯಿತು. ಕುರಿ ಸಾಕಿದರೂ ಕೀಪ್, ಕೊಟ್ಟ ಮಾತು ಉಳಿಸಿಕೊಂಡರೂ ಕೀಪ್. ಗುಟ್ಟು ಮುಚ್ಚಿಡುವುದು, ಉಪವಾಸ ಮಾಡುವುದು, ಹಾಲು ಕೆಡದೆ ಉಳಿಯುವುದು, ಒಬ್ಬರನ್ನು ಕಾಯಿಸುವುದು, ಮಾಡಿದ್ದನ್ನೇ ಮಾಡುತ್ತಿರುವುದು, ಎಲ್ಲಕ್ಕೂ ಅದೇ ಎಂದು ಬೆಲ್ ಹೊಡೆಯುವವರೆಗೂ ಕೊರೆದೆ. ಅವರು ಗಲ್ಲಕ್ಕೆ ಕೈಕೊಟ್ಟು ಕೇಳಿಸಿಕೊಂಡರು. “ಹಂಗಾದ್ರೆ ಇದು ಎಲ್ಲಿಂದ ಬಂತು?” ಎಂದರು. ನನಗೆ ಗೊತ್ತಿರಲಿಲ್ಲ.

ಅಂದು ಸಂಜೆ ದೊಡ್ಡ ನಿಘಂಟು ತೆಗೆದೆ. ಹಳೆಯ ಇಂಗ್ಲಿಷಿನಲ್ಲಿ ಹಿಡಿ, ಗಮನಿಸು, ಕಾದುನೋಡು ಎಂಬ ಅರ್ಥಗಳಲ್ಲಿ ಬಳಕೆಯಿತ್ತಂತೆ. ಅದಕ್ಕೂ ಹಿಂದೆ ಏನಿತ್ತೋ ತಿಳಿಯದು. ಅಕ್ಕಪಕ್ಕದ ಭಾಷೆಗಳಲ್ಲಿ ಇದರ ಬಂಧು ಎಂದು ಖಚಿತವಾಗಿ ಹೇಳಬಹುದಾದ ಒಂದು ಪದವೂ ಇಲ್ಲ. ಮಿಕ್ಕ ಪದಗಳಿಗೆ ಅಣ್ಣತಮ್ಮಂದಿರು, ಅಜ್ಜ, ಮುತ್ತಜ್ಜ ಎಲ್ಲ ಇದ್ದಾರೆ, ಇದು ಮಾತ್ರ ಒಂಟಿ. ಆ ಪುಟದ ಮುಂದೆ ಕೂತು ನನಗೆ ಅಳು ಬಂತು. ಮರುದಿನ ಟೀಚರಿಗೆ ಹೇಳಿದಾಗ “ಪಾಪ” ಎಂದರು. ಪದಕ್ಕೋ ನನಗೋ ಎಂದು ಕೇಳುವ ಧೈರ್ಯವಾಗಲಿಲ್ಲ. ಅವರೆಂದರೆ ನನಗೆ ಪ್ರಾಣ ಎಂಬುದನ್ನೂ ಹೇಳಲಾಗಲಿಲ್ಲ.

ಹೇಳುವ ಬದಲು ಸೀಟು ಹಿಡಿಯುತ್ತಿದ್ದೆ. ಶನಿವಾರ ಬೆಳಗಿನ ಶಾಲೆ ಮುಗಿಸಿ ಇಬ್ಬರೂ ಒಂದೇ ಬಸ್ಸಿನಲ್ಲಿ ದಾವಣಗೆರೆಗೆ ಬರುತ್ತಿದ್ದೆವು. ಅಲ್ಲಿ ನಾನು ಮೊದಲು ಹಾರಿ ಇಳಿದು ಓಡಿ, ಶಿವಮೊಗ್ಗದ ಬಸ್ಸಿನ ಕಿಟಕಿಯೊಳಗೆ ಟವೆಲ್ ಎಸೆಯುತ್ತಿದ್ದೆ. ನಮ್ಮ ಕಡೆ ಸೀಟಿನ ಮೇಲೆ ಟವೆಲ್ ಬಿತ್ತೆಂದರೆ ಎಂಥ ಜಗಳಗಂಟನೂ ಅದನ್ನು ಮುಟ್ಟುವುದಿಲ್ಲ. ಅವರು ಬಂದು ಕಿಟಕಿಯ ಪಕ್ಕ ಕೂತ ಮೇಲೆ ನಾನು ಟವೆಲ್ ಕೊಡವಿಕೊಂಡು ಹಿಂದೆ ಹೋಗಿ ಕಂಬಿ ಹಿಡಿದು ನಿಲ್ಲುತ್ತಿದ್ದೆ. ಮದುವೆಯಾಗದ ಹೆಣ್ಣಿನ ಪಕ್ಕ ಕೂತರೆ ಜನ ಏನೆಂದಾರು! ಪಕ್ಕದ ಜಾಗದಲ್ಲಿ ಯಾವುದೋ ಮುದುಕಿ ಬುಟ್ಟಿ ಸಮೇತ ಕೂರುತ್ತಿದ್ದಳು. ಹೊನ್ನಾಳಿ ಬಂದಾಗ ಟೀಚರ್ ನನ್ನ ಕಡೆ ತಲೆಯಾಡಿಸಿ ಇಳಿಯುತ್ತಿದ್ದರು. ಹೀಗೆ ಮೂರು ವರ್ಷ. ಇದನ್ನೇ ಮರ್ಯಾದೆ ಎಂದುಕೊಂಡಿದ್ದ ಪೆದ್ದ ನಾನು.

ಬೇಸಿಗೆ ರಜೆಗೆ ಮುಂಚಿನ ಶನಿವಾರ ಹೊನ್ನಾಳಿಯಲ್ಲಿ ಅವರು ಬಾಗಿಲಿಗೆ ಹೋಗದೆ ನಾನು ನಿಂತಲ್ಲಿಗೆ ಬಂದು, ಅರಿಶಿನ ಹಚ್ಚಿದ ಲಗ್ನಪತ್ರಿಕೆ ಕೈಗಿಟ್ಟರು.

“ಮೂರು ವರ್ಷ ನಿಂತ್ಕಂಡೇ ಬಂದ್ರಿ. ಒಂದಿನ ಪಕ್ಕದಾಗೆ ಕುಂತಿದ್ರೆ ನಾನೇನು ಬ್ಯಾಡ ಅಂತಿದ್ನೇನ್ರೀ?”

“ಜನ ಏನಾರ ಅಂದ್ಕೊಂತಾರೆ ಅಂತ...”

“ಜನ ಯಾವಾಗ್ಲೋ ಅಂದ್ಕೊಂಡಿದ್ರು. ನಮ್ಮಪ್ಪಾರೂ ಅಂದ್ಕೊಂಡಿದ್ರು. ನೀವು ಕೇಳಾಕೆ ಬರ್ತೀರಿ ಅಂತ ಎರಡು ಸಂಬಂಧ ಬಿಟ್ರು.”

ಕಂಡಕ್ಟರ್ ಸೀಟಿ ಊದಿದ. ಅವರು ಇಳಿದು ಹೋದರು. ಅವರು ಕೂತಿದ್ದ ಜಾಗ ಖಾಲಿಯಾಗಿತ್ತು. ನ್ಯಾಮತಿ ಬರುವವರೆಗೂ ನಾನು ಅಲ್ಲಿ ಕೂತು ಹೋದೆ.