ಇಳಿಜಾರಿನ ಕೋಲು

ನಮ್ಮ ಮನೆಯ ಹಿಂಬಾಗಿಲ ಮೂಲೆಯಲ್ಲಿ, ಕೊಡೆಗೂ ಕಸಬರಿಗೆಗೂ ನಡುವೆ, ಒಂದು ಕೋಲು ನಿಂತಿದೆ. ನಾನು ನಿವೃತ್ತ ಕುಲಪತಿಯೆಂದು ತಿಳಿದು ಬರುವವರು ಮೊದಲು ಗೋಡೆಯ ಮೇಲೆ ಪದಕಗಳಿಗಾಗಿಯೂ ಶಾಲು ಹೊದ್ದ ಫೋಟೋಗಳಿಗಾಗಿಯೂ ಕಣ್ಣಾಡಿಸುತ್ತಾರೆ, ಅವು ಸಿಕ್ಕದೆ ಹೋದಾಗ ಈ ಕೋಲಿನ ಮೇಲೆ ಕಣ್ಣು ನಿಲ್ಲಿಸಿ, "ಸಾರ್, ದಿನಾ ವಾಕಿಂಗ್ ಹೋಗ್ತೀರಾ?" ಎಂದು ಕೇಳುತ್ತಾರೆ. ಊರಿಕೊಂಡು ನಡೆಯುವಷ್ಟು ಗಟ್ಟಿಯಲ್ಲದ, ನಾಯಿಯನ್ನು ಹೆದರಿಸುವಷ್ಟು ದಪ್ಪವೂ ಅಲ್ಲದ, ನನ್ನ ಎತ್ತರಕ್ಕಿಂತ ಒಂದು ಗೇಣು ಚಿಕ್ಕದಾದ ಬಿದಿರ ಕೋಲು ಅದು. ಅಂಗೈ ತಾಗಿ ತಾಗಿ ಅದರ ಗಿಣ್ಣುಗಳೆಲ್ಲ ಸವೆದು ನುಣುಪಾಗಿವೆ. ಸವೆಸಿದ ಅಂಗೈ ನನ್ನದಲ್ಲ, ನನ್ನ ಅಕ್ಕ ಹಾಲಮ್ಮನದು.

ಬಯಲುಸೀಮೆಯ ಗೆಳೆಯರಿಗಾಗಿ ಎರಡು ಮಾತು ಹೇಳಿಬಿಡುತ್ತೇನೆ. ಚಹಾ ಗಿಡವೆಂದರೆ, ಅದರ ಪಾಡಿಗೆ ಬಿಟ್ಟರೆ ಮರವಾಗಿ ಬೆಳೆದು ನಿಲ್ಲುವ ಆಸಾಮಿ. ಸೊಂಟದೆತ್ತರಕ್ಕೆ ಸವರಿ ಸವರಿ ಅದನ್ನು ಮೇಜಿನಂತೆ ಹರಡಿಸುತ್ತೇವೆ. ಕೊಯ್ಯುವವಳು ಆ ಮೇಜಿನ ಮೇಲೆ ಕೋಲನ್ನು ಅಡ್ಡವಾಗಿ ಮಲಗಿಸುತ್ತಾಳೆ. ಕೋಲಿನಿಂದ ಮೇಲೆ ತಲೆಯೆತ್ತಿದ ಚಿಗುರು ಬುಟ್ಟಿಗೆ, ಕೆಳಗಿರುವುದು ಗಿಡಕ್ಕೆ. ಆ ಕೆಳಗಿನ ಬಲಿತ ಎಲೆಗಳನ್ನು ತಾಯೆಲೆ ಎನ್ನುತ್ತೇವೆ, ಅವೇ ಗಿಡಕ್ಕೆ ಅನ್ನ ಉಣಿಸುವವು. ಬೆಟ್ಟದ ಮೇಲಿನ ನಮ್ಮೂರು ಹುಬ್ಬತಲೈಯ ಎರಡು ಎಕರೆ ತೋಟದಲ್ಲಿ ಅಕ್ಕ ಈ ಕೋಲು ಮಲಗಿಸುತ್ತ ಹೋದಳು, ನಾನು ಕುನ್ನೂರಿನ ಶಾಲೆಗೂ ಊಟಿಯ ಕಾಲೇಜಿಗೂ ಆಮೇಲೆ ಬಯಲಿನ ವಿಶ್ವವಿದ್ಯಾಲಯಕ್ಕೂ ಹೋಗುತ್ತ ಹೋದೆ. ಅವಳು ಐದನೇ ಕ್ಲಾಸಿಗೆ ಶಾಲೆ ಬಿಟ್ಟಳು, ನಾನು ಬಿಡಲೇ ಇಲ್ಲ. ನಮ್ಮಿಬ್ಬರ ನಡುವಿನ ವ್ಯತ್ಯಾಸ ಇಷ್ಟೇ, ಉಳಿದ ಬುದ್ಧಿಯೆಲ್ಲ ಅವಳಿಗೇ ಹೆಚ್ಚು.

ತೊಂಬತ್ತರ ದಶಕದ ನಡುವೆ ನಾನು ಗಣಿತದ ಪ್ರಾಧ್ಯಾಪಕನಾಗಿ, ವಿಭಾಗದ ಮುಖ್ಯಸ್ಥನಾಗಿ, ಸ್ವಲ್ಪ ಹೊಟ್ಟೆಯನ್ನೂ ಸ್ವಲ್ಪ ಹೆಸರನ್ನೂ ಬೆಳೆಸಿಕೊಂಡಿದ್ದೆ. ಆರು ವರ್ಷ ಬೆನ್ನು ಬಿಡದೆ ಕಾಡಿದ ಒಂದು ಸಮಸ್ಯೆ ಕೊನೆಗೂ ಬಿಡಿಸಿಕೊಂಡಿತ್ತು. ಅದರ ಸಾಧನೆ, ಅಂದರೆ ಉತ್ತರ ಸರಿಯೆಂದು ಹೆಜ್ಜೆಹೆಜ್ಜೆಯಾಗಿ ತೋರಿಸುವ ತರ್ಕ, ದೂರದ ಗಣಿತ ಪತ್ರಿಕೆಯೊಂದರಲ್ಲಿ ಅಚ್ಚಾಗಿತ್ತು. ಯಾರು ಯಾರೋ ಹೊಗಳಿ ಕಾಗದ ಬರೆದಿದ್ದರು. ಅದೇ ಗಾಳಿಯಲ್ಲಿ ನನ್ನ ಹೆಸರು ಕುಲಪತಿ ಹುದ್ದೆಯ ಪಟ್ಟಿಗೂ ಏರಿ, ಮುಂದಿನ ತಿಂಗಳು ಆಯ್ಕೆ ಸಮಿತಿಯ ಮುಂದೆ ಬರಬೇಕೆಂಬ ಪತ್ರವೂ ಬಂದಿತ್ತು. ಹುದ್ದೆಯ ಆಸೆ ನನಗಿರಲಿಲ್ಲವೆಂದು ಹೇಳಿದರೆ ಸುಳ್ಳಾದೀತು. ಆಸೆ ಬೇಕಾದಷ್ಟಿತ್ತು, ಕನ್ನಡಿಯ ಮುಂದೆ ನಿಂತು ಘಟಿಕೋತ್ಸವದ ಭಾಷಣದ ಮೊದಲ ವಾಕ್ಯವನ್ನು ಒಂದೆರಡು ಸಲ ಹೇಳಿಕೊಂಡದ್ದೂ ಉಂಟು.

ಆ ಸಂಭ್ರಮದಲ್ಲಿ ಒಂದು ವಾರ ಊರಿಗೆ ಬಂದೆ. ಆಳು ಸಿಕ್ಕದ ದಿನಗಳವು, ಚಿಗುರು ಬಲಿಯುತ್ತಿತ್ತು. ನಾನೂ ಕೊಯ್ಯುತ್ತೇನೆಂದು ಬುಟ್ಟಿ ಕಟ್ಟಿಕೊಂಡು ತೋಟದ ಕಡಿದಾದ ಮೇಲಿನ ಪಟ್ಟಿಗೆ ಹೋಗಿ, ಗಣಿತಜ್ಞನಿಗೆ ತಕ್ಕಂತೆ, ಒಂದು ಕಣ್ಣು ಮುಚ್ಚಿ, ನೀರು ತುಂಬಿದ ತಟ್ಟೆಯಿಟ್ಟರೂ ತುಳುಕದಂತೆ ಕೋಲನ್ನು ಸಮತಲವಾಗಿ ಹಿಡಿದು, ಗಿಡದಿಂದ ಗಿಡಕ್ಕೆ ಶಿಸ್ತಾಗಿ ಕೊಯ್ಯುತ್ತ ಹೋದೆ. ಒಂದು ಸಾಲು ಮುಗಿಯುವ ಹೊತ್ತಿಗೆ ಅಕ್ಕ ಬಂದು ನೋಡಿ ಸೊಂಟದ ಮೇಲೆ ಕೈಯಿಟ್ಟು ನಿಂತಳು.

"ಏನ ತಮ್ಮಾ ಇದು? ಗಿಡ ನಿಂತಿರೋದು ಮಲೆ ಮೇಲೆ, ನೀ ಕೊಯ್ತಿರೋದು ಮೇಜಿನ ಮೇಲೆ."

ತಿರುಗಿ ನೋಡಿದೆ. ಪ್ರತಿ ಗಿಡದ ಮೇಲ್ಬದಿಯಲ್ಲಿ ನನ್ನ ಕೋಲು ಆಳಕ್ಕಿಳಿದು ತಾಯೆಲೆಗಳನ್ನೆಲ್ಲ ಬೋಳಿಸಿತ್ತು. ಕೆಳಬದಿಯಲ್ಲಿ ಅದು ಗಾಳಿಯಲ್ಲಿ ತೇಲಿ, ಒಳ್ಳೆಯ ಚಿಗುರು ಕೈಗೇ ಸಿಕ್ಕದೆ ಉಳಿದಿತ್ತು. ಇಳಿಜಾರಿನಲ್ಲಿ ಕೋಲು ಇಳಿಜಾರಿನ ಜೊತೆಗೇ ಓರೆಯಾಗಿ ಮಲಗಬೇಕು ಎಂಬುದು ನಮ್ಮೂರಿನ ಎಂಟು ವರ್ಷದ ಹೆಣ್ಣುಮಗುವಿಗೂ ಗೊತ್ತು. "ಕೋಲು ಮಣ್ಣ ನೋಡಬೇಕು ತಮ್ಮಾ, ಆಕಾಶವ ಅಲ್ಲ" ಎಂದು ಅಕ್ಕ ಅದನ್ನು ಕಸಿದುಕೊಂಡು ಒಂದು ಗಿಡದ ಮೇಲೆ ಮಲಗಿಸಿ ತೋರಿಸಿದಳು.

ಗೆಳೆಯರೇ, ಆ ಓರೆ ಕೋಲು ನೋಡಿ ನನಗೆ ಅಚ್ಚಾದ ನನ್ನ ಬರಹ ನೆನಪಾಯಿತು. ನನ್ನ ಸಾಧನೆಯ ನಡುವೆ ಒಂದು ಹೆಜ್ಜೆಯಿತ್ತು. ಒಂದು ಕಡೆ ಹೊಂದುವ ಅಳತೆ ಎಲ್ಲ ಕಡೆಯೂ ಹಾಗೆಯೇ ಹೊಂದುತ್ತದೆಂದು ಅಲ್ಲಿ ನಂಬಿಕೊಂಡು, 'ಇದು ಸ್ಪಷ್ಟ' ಎಂದು ಬರೆದು ಮುಂದೆ ಸಾಗಿದ್ದೆ. ಸಂಜೆ ಅಡುಗೆಮನೆಯ ಒಲೆಯ ಪಕ್ಕ ಕುಳಿತು ಕಾಗದ ಬಿಡಿಸಿ ಆ ಹೆಜ್ಜೆಯನ್ನು ಮತ್ತೆ ಪರೀಕ್ಷಿಸಿದೆ. ಸ್ಪಷ್ಟವಾಗಿದ್ದದ್ದು ನನ್ನ ತಪ್ಪು ಮಾತ್ರ. ನಾನು ಅಳೆಯುತ್ತಿದ್ದ ನೆಲವೇ ಓರೆಯಿತ್ತು, ನಾನು ಅಲ್ಲೂ ಮೇಜು ಹಾಕಿಕೊಂಡು ಕುಳಿತಿದ್ದೆ. ಆರು ವರ್ಷದ ಕೆಲಸ ಆ ಒಂದು ಸಾಲಿನಲ್ಲಿ ಮುರಿದು ಬಿದ್ದಿತ್ತು, ಮತ್ತು ಅದು ನನ್ನೊಬ್ಬನಿಗೆ ಮಾತ್ರ ಗೊತ್ತಿತ್ತು.

ಎರಡು ದಿನ ನಾನು ಬಾಯಿ ಬಿಡಲಿಲ್ಲ. ಸಮಿತಿಯ ಮುಂದೆ ಹೋಗಿ ಬರುವವರೆಗೆ ಸುಮ್ಮನಿದ್ದರೆ ಯಾರಿಗೆ ನಷ್ಟ ಎಂದು ಒಳಗಿನವನು ಕೇಳುತ್ತಿದ್ದ. ಅವನು ನನಗಿಂತ ಚೆನ್ನಾಗಿ ವಾದ ಮಾಡಬಲ್ಲವನು. ಮೂರನೆಯ ದಿನ ಅಕ್ಕ ತಾನು ಮೈಗೆ ಸುತ್ತಿಕೊಳ್ಳುವ ಹಳೆಯ ಬಿಳಿ ಮುಂಡಿನ ಅಂಚನ್ನು ಪರಪರ ಹರಿದು ಚೂರು ಮಾಡಿ, ನಾನು ಕೆಡಿಸಿದ ಒಂದೊಂದು ಗಿಡಕ್ಕೂ ಕಟ್ಟುತ್ತಿದ್ದಳು. ಅದು ನಮ್ಮವರ ರೂಢಿ: ತಾಯೆಲೆ ಹೋದ ಗಿಡಕ್ಕೆ ಬಟ್ಟೆ ಚೂರು ಕಟ್ಟಿದರೆ ಮುಂದಿನ ಕೆಲವು ಸುತ್ತಿನ ಕೊಯ್ಲಿನಲ್ಲಿ ಯಾರೂ ಅದರ ಮೇಲೆ ಕೈ ಹಾಕುವುದಿಲ್ಲ, ಗಿಡ ಚೇತರಿಸಿಕೊಳ್ಳುತ್ತದೆ. ಕೆಡಿಸಿದವನೇ ಕಟ್ಟಬೇಕೆಂಬುದು ಅದರ ಇನ್ನೊಂದು ಭಾಗ. ಆದರೆ ಪ್ರೊಫೆಸರ್ ತಮ್ಮನ ಮಾನ ಉಳಿಸಲು ಅವಳೇ ಕಟ್ಟುತ್ತಿದ್ದಳು. ಊರಿಗೆಲ್ಲ ಕಾಣುವ ಹಾಗೆ ಯಾಕಕ್ಕಾ ಎಂದೆ ನಾನು, ಮುಖ ಸಣ್ಣದು ಮಾಡಿಕೊಂಡು.

"ಇದು ನಿನ್ನ ಬೈಯೋಕೆ ಕಟ್ಟೋದಲ್ಲ. ನಾಳೆ ಬರೋ ಕೈಗೆ ಕಟ್ಟೋದು. ಗೊತ್ತಿಲ್ಲದೆ ಅವರೂ ಇಲ್ಲೇ ಕೊಯ್ದರೆ ಗಿಡ ಉಳಿಯೋದಿಲ್ಲೆ."

ಆಗ ನಾನು ಎಲ್ಲವನ್ನೂ ಹೇಳಿದೆ. ತಪ್ಪನ್ನು ಪತ್ರಿಕೆಗೆ ಬರೆದರೆ ಸಮಿತಿಗೂ ಬರೆಯಬೇಕಾಗುತ್ತದೆ, ಬರೆದರೆ ಹುದ್ದೆ ಹೋಗುತ್ತದೆ ಎಂದೂ ಹೇಳಿದೆ. ಅಕ್ಕ ಕೂತಲ್ಲೇ ಬಟ್ಟೆಯ ಗಂಟು ಬಿಗಿ ಮಾಡಿದಳು.

"ಊರಿಗೆಲ್ಲ ಹೇಳ್ಬಿಟ್ಟೆನಲ್ಲ ನಾ, ತಮ್ಮ ದೊಡ್ಡ ಆಪೀಸರು ಆಗ್ತಾನೆ ಅಂತ" ಎಂದಳು. ಆಮೇಲೆ ಎದ್ದು ಮುಂಡು ಕೊಡವಿ, "ಇರಲಿ. ಹೇಳಿದ್ದ ವಾಪಸು ತಕ್ಕೊಳ್ಳೋಕೆ ನನಗೂ ಬಾಯಿದೆ. ನೀ ಬರೆ" ಎಂದು, ಉಳಿದ ಬಟ್ಟೆ ಚೂರುಗಳನ್ನು ನನ್ನ ಕೈಗೆ ಹಾಕಿದಳು.

ಉಳಿದ ಗಿಡಗಳಿಗೆ ನಾನೇ ಕಟ್ಟಿದೆ. ಮಧ್ಯಾಹ್ನ ಕುನ್ನೂರಿಗೆ ಇಳಿದು ಎರಡು ಪತ್ರಗಳನ್ನು ಅಂಚೆಗೆ ಹಾಕಿದೆ. ಸಾಧನೆ ಎಲ್ಲಿ ಮುರಿಯುತ್ತದೆ, ಯಾಕೆ ಮುರಿಯುತ್ತದೆ, ಎಲ್ಲಿಯವರೆಗೆ ನಂಬಬಹುದು ಎಂಬುದನ್ನೆಲ್ಲ ಪತ್ರಿಕೆಗೆ ವಿವರವಾಗಿ ಬರೆದಿದ್ದೆ. ಅದು ಅಚ್ಚಾಯಿತು, ಹುದ್ದೆ ಹೋಯಿತು. ಅಕ್ಕ ಸಂತೆಯಲ್ಲಿ, ಮದುವೆಮನೆಯಲ್ಲಿ, ಬಸ್ಸಿನಲ್ಲಿ ತನ್ನ ಮಾತನ್ನು ಒಬ್ಬೊಬ್ಬರಿಂದಲೂ ವಾಪಸು ಪಡೆದಳೆಂದು ಆಮೇಲೆ ಕೇಳಿದೆ. ಅವಳಿಗೆ ನಾನು ಋಣಿಯಾದದ್ದು ಎಲೆ ಕೊಯ್ದು ನನ್ನನ್ನು ಓದಿಸಿದ್ದಕ್ಕಿಂತ ಇದಕ್ಕೇ ಹೆಚ್ಚು.

ಕೆಲವು ವರ್ಷಗಳಾದ ಮೇಲೆ, ಹೊಸ ಶತಮಾನ ಕಣ್ಣು ಬಿಡುವ ಹೊತ್ತಿಗೆ, ಬೇರೊಂದು ವಿಶ್ವವಿದ್ಯಾಲಯದ ಕುಲಪತಿಗಿರಿ ಬಂತು. ಹೇಗೆ ಬಂತೆಂದು ನಾನು ಕೇಳಲಿಲ್ಲ, ಯಾರೂ ಹೇಳಲೂ ಇಲ್ಲ. ಕಟ್ಟಡ ಕಟ್ಟಿಸಿದೆ, ಜಗಳ ಬಿಡಿಸಿದೆ, ಸಾವಿರಾರು ಕಡತಗಳಿಗೆ ಸಹಿ ಹಾಕಿದೆ. ಅವುಗಳಲ್ಲಿ ಹೆಚ್ಚಿನವು ಈಗ ನೆನಪಿಲ್ಲ. ನೆನಪಿರುವುದು ಒಂದು ಫೋನು. ಪರೀಕ್ಷೆಗೆ ಅರ್ಧ ಗಂಟೆ ತಡವಾದರೆ ಗೇಟು ಮುಚ್ಚಬೇಕೆಂಬ ನಿಯಮವನ್ನು ನಾನೇ ಬಹಳ ಹೆಮ್ಮೆಯಿಂದ ಮಾಡಿದ್ದೆ. ಒಂದು ಮಳೆಗಾಲದ ಬೆಳಿಗ್ಗೆ ನಡುವಟ್ಟಂ ಬಳಿ ರಸ್ತೆಗೆ ಮರ ಬಿದ್ದು, ಗೂಡಲೂರಿನ ಬಸ್ಸು ಊಟಿಗೆ ಮುಕ್ಕಾಲು ಗಂಟೆ ತಡವಾಗಿ ಬಂತು. "ಹದಿನಾಲ್ಕು ಮಕ್ಕಳು ಗೇಟಲ್ಲಿ ನಿಂತಿದಾರೆ ಸಾರ್. ರೂಲು ಎಲ್ಲರಿಗೂ ಒಂದೇ ಅಲ್ವಾ, ಕಳಿಸಿಬಿಡ್ಲಾ?" ಎಂದು ನಮ್ಮ ವಿಶ್ವವಿದ್ಯಾಲಯಕ್ಕೆ ಸೇರಿದ ಊಟಿಯ ಕಾಲೇಜಿನ ಪ್ರಿನ್ಸಿಪಾಲರು ಫೋನಿನಲ್ಲಿ ಕೇಳಿದರು. ಹೌದು ಎನ್ನಲು ಬಾಯಿ ತೆರೆದವನು, ಬೋಳಾದ ಗಿಡಗಳ ಆ ಸಾಲನ್ನು ಕಣ್ಣೆದುರು ಕಂಡು, ಒಳಗೆ ಕೂರಿಸಿ, ಹೋದ ಹೊತ್ತನ್ನು ಕೊನೆಯಲ್ಲಿ ಕೊಡಿ ಎಂದೆ. ಮುಂದಿನ ಸಭೆಯಲ್ಲಿ ಸದಸ್ಯರೊಬ್ಬರು ಇದನ್ನೆತ್ತಿ ಆಡಿದಾಗ ಕೋಲಿನ ಕಥೆ ಹೇಳಿದೆ. ಅವರಿಗೆ ಅರ್ಥವಾದಂತೆ ಕಾಣಲಿಲ್ಲ. ಅಷ್ಟರಲ್ಲಿ ಕಾಫಿ ಬಂತು, ವಿಷಯ ಅಲ್ಲಿಗೆ ಮುಗಿಯಿತು.

ನಿವೃತ್ತನಾಗಿ ಊರು ಸೇರಿದ ವರ್ಷ ಸಾವಿತ್ರಿ ಎಂಬ ತರುಣಿ ನನ್ನನ್ನು ಹುಡುಕಿಕೊಂಡು ಬಂದಳು. ನಾನು ಬಿಟ್ಟ ಸಮಸ್ಯೆಯನ್ನು ಅವಳು ಬಿಡಿಸಿದ್ದಳು, ಈ ಸಲ ಸರಿಯಾಗಿ. ಅಂದು ಗೇಟಿನಲ್ಲಿ ನಿಂತ ಹದಿನಾಲ್ಕು ಜನರಲ್ಲಿ ಅವಳೂ ಒಬ್ಬಳಾಗಿದ್ದರೆ ಈ ಬರಹಕ್ಕೆ ಒಳ್ಳೆಯ ಕಳೆ ಬರುತ್ತಿತ್ತು. ಏನು ಮಾಡಲಿ, ಅವಳು ಹುಟ್ಟಿ ಬೆಳೆದದ್ದು ಕಡಲ ದಡದಲ್ಲಿ, ಘಾಟಿ ರಸ್ತೆಯನ್ನು ಕಂಡದ್ದೇ ಆವತ್ತು. ತೋಟ ನೋಡಬೇಕೆಂದಳು, ಕೋಲು ಹಿಡಿಯಬೇಕೆಂದಳು. ಮೇಲಿನ ಪಟ್ಟಿಯಲ್ಲಿ ನಿಂತು, ಒಂದು ಕಣ್ಣು ಮುಚ್ಚಿ, ಕಡಲಂಚಿನ ಗೆರೆಯಂತೆ ಕೋಲನ್ನು ಸಮನಾಗಿ ಹಿಡಿದು, ಮೊದಲ ಗಿಡವನ್ನು ಬೋಳಿಸಿಬಿಟ್ಟಳು.

ದಿಬ್ಬದ ಮೇಲೆ ಕುಳಿತಿದ್ದ ಅಕ್ಕ, "ಇವಳಿಗೂ ನಿನ್ನ ರೋಗವೇ ತಮ್ಮಾ" ಎಂದಳು. ಎಂದವಳೇ ಮುಂಡಿನ ಅಂಚು ಹರಿದು ಸಾವಿತ್ರಿಯ ಕೈಗೆ ಕೊಟ್ಟಳು. ಯಾಕೆಂದು ನಾನು ವಿವರಿಸಿದೆ. ಹುಡುಗಿ ಗಂಟು ಹಾಕಿ, ಅದನ್ನೇ ನೋಡುತ್ತ ನಿಂತು, "ಸಾರ್, ನಾನು ಶುರು ಮಾಡಿದ್ದು ನಿಮ್ಮ ಸಾಧನೆಯಿಂದ ಅಲ್ಲ. ಎಲ್ಲಿ ಮುರೀತು ಅಂತ ಬರೆದಿದ್ರಲ್ಲ, ಆ ಪತ್ರದಿಂದ" ಎಂದಳು. ಅಕ್ಕನಿಗೆ ಅದನ್ನು ನಮ್ಮ ಬೆಟ್ಟದ ಮಾತಿನಲ್ಲಿ ತಿಳಿಸಿದೆ. ಹೊರಡುವಾಗ ಸಾವಿತ್ರಿ ತಲೆಬಾಗಿದಳು. ಅಕ್ಕ ನೆತ್ತಿಯ ಮೇಲೆ ಅಂಗೈಯಿಟ್ಟು, ಇದ್ದ ಒಂದು ಸಾವಿರವಾಗಿ ಬೆಳೆಯಲೆಂದು ನಮ್ಮ ಹಿರಿಯರು ಎಲ್ಲರನ್ನೂ ಹರಸುವಂತೆ, "ಒಂದು ಸಾವಿರ ಆಗಲಿ" ಎಂದಳು.

ಈಗ ಅಕ್ಕನ ಮಂಡಿ ಇಳಿಜಾರು ಏರಲು ಒಪ್ಪುವುದಿಲ್ಲ. ಆಳು ಸಿಕ್ಕದ ದಿನ ನಾನೇ ಹೋಗಿ, ಕೋಲನ್ನು ಮಣ್ಣಿನ ಓರೆಗೆ ಮಲಗಿಸಿ ಕೊಯ್ದು ತರುತ್ತೇನೆ. ಅವಳು ಹಿಂಬಾಗಿಲಲ್ಲಿ ಕುಳಿತು ಬುಟ್ಟಿಯೊಳಗೆ ಕೈ ಹಾಕಿ ತಳದವರೆಗೂ ತಡವುತ್ತಾಳೆ, ನಾನು ಪರೀಕ್ಷೆ ಬರೆದವನಂತೆ ನಿಂತಿರುತ್ತೇನೆ. ತಾಯೆಲೆ ಒಂದು ಸಿಕ್ಕಿದರೂ ಅದನ್ನೆತ್ತಿ ನನ್ನ ಮುಖದ ಮುಂದೆ ಹಿಡಿಯುತ್ತಾಳೆ. ಒಂದೂ ಸಿಕ್ಕದಿದ್ದರೆ ಒಳಗೆ ಹೋಗಿ ನನಗೆ ಚಹಾ ತರುತ್ತಾಳೆ. ಅಂಥ ದಿನ ನಾನು ಕೋಲನ್ನು ಒರೆಸಿ ಕೊಡೆಯ ಪಕ್ಕ ನಿಲ್ಲಿಸಿ, ಹೊಸಿಲ ಮೇಲೆ ಅವಳ ಜೊತೆ ಕುಳಿತು ಆ ಚಹಾ ಕುಡಿಯುತ್ತೇನೆ.